ನಾರ್ಸ್ ಜನರ ಪರಲೋಕ

ಉತ್ತರ ಯೂರೋಪಿನ ಪ್ರಾಚೀನ ನಾರ್ಸ್ ಜನರ ಪುರಾಣಗಳಲ್ಲಿ ಸತ್ತವನ ಗತಿಯನ್ನು ನಿರ್ಣಯಿಸುವುದು ಅವನ ಪಾಪಪುಣ್ಯಗಳಿಗಿಂತ ಹೆಚ್ಚಾಗಿ ಸಾವಿನ ಬಗೆ. ರಣದಲ್ಲಿ ಮಡಿದವರಲ್ಲಿ ಅರ್ಧಮಂದಿ ದೇವತೆಗಳ ಅಗ್ರಣಿಯಾದ ಓಡಿನ್ನನ ವಲ್ಹಾಲಾ ಮಂದಿರವನ್ನು ಸೇರುವರು. ಉಳಿದರ್ಧ ಫ್ರೇಯಾ ದೇವಿಯ ಪಾಲು. ವಲ್ಹಾಲಾದಲ್ಲಿ ಹಗಲೆಲ್ಲ ಕಾದಾಟ, ಬಳಿಕ ಔತಣ. ಇದು ಸುಖಭೋಗಕ್ಕಾಗಿ ಮಾತ್ರವೆಂದು ನಾವು ಭಾವಿಸಬಾರದು. ರಾಗ್ನರೋಕ್ ಎಂಬ ಅಂತಿಮ ಯುದ್ಧಕ್ಕೆ ಇದು ಸಿದ್ಧತೆ; ಆ ಯುದ್ಧದಲ್ಲಿ ಓಡಿನ್ನನೇ ಅಳಿಯುವನು!

ರೋಗದಿಂದಲೂ ಮುಪ್ಪಿನಿಂದಲೂ ಸತ್ತವರು ಹೆಲ್ ಎಂಬ ದೇವಿಯ ಅಧೋಲೋಕಕ್ಕೆ ಹೋಗುವರೆಂದು ಐಸ್ಲೆಂಡಿನ ಸ್ನೋರಿ ಸ್ಟುರ್ಲುಸನ್ ಸುಮಾರು 1220ರಲ್ಲಿ ಬರೆದನು. ಆದರೆ ಅವನ ಗ್ರಂಥದಲ್ಲಿಯೇ, ರೋಗವಾಗಲಿ ಮುಪ್ಪಾಗಲಿ ಇಲ್ಲದೆ ಬಂದಳಿಕೆಯ ಕಡ್ಡಿ ನಾಟಿ ಹತನಾದ ಬಾಲ್ಡರ್ ದೇವನು ಸೇರಿದ್ದೂ ಹೆಲ್ಲಳ ಮನೆಯನ್ನೇ. ಸ್ನೋರಿ ಕ್ರೈಸ್ತನು, ಅವನ ನಾಡು ಹಳೆಯ ಮತವನ್ನು ತೊರೆದು ಆಗಲೇ ಎರಡು ಶತಮಾನಗಳು ಸಂದಿದ್ದವು. ಚದರಿದ ಕಥೆಗಳನ್ನು ಅವನು ಒಂದು ಕ್ರಮಕ್ಕೆ ತಂದನು. ಜನರ ನಂಬಿಕೆ ಅಷ್ಟು ಅಚ್ಚುಕಟ್ಟಾಗಿದ್ದಿರಲಾರದೆಂದು ನಮಗೆ ತೋರುತ್ತದೆ.

ಗೋರಿಗಳನ್ನೂ ಕೇಳೋಣ. ನಾರ್ವೆಯ ಓಸೆಬರ್ಗಿನಲ್ಲಿ 1904ರಲ್ಲಿ ಒಂದು ದಿಬ್ಬವನ್ನು ಅಗೆದಾಗ, 834ರಲ್ಲಿ ಹೂಳಿದ್ದ ಇಡೀ ಹಡಗೊಂದು ದೊರೆಯಿತು. ಅದರೊಳಗೆ ಇಬ್ಬರು ಸ್ತ್ರೀಯರ ಅಸ್ಥಿಗಳು, ಬಂಡಿ, ಹಿಮದ ಮೇಲಿನ ಜಾರುಬಂಡಿಗಳು, ಕುದುರೆಗಳು. ಇಬ್ಬರಲ್ಲಿ ಹಿರಿಯಳು ವೃದ್ಧೆ. ಅವಳಿಗೆ ಇಷ್ಟೊಂದು ಪ್ರಯಾಣಸಾಮಗ್ರಿ ಏತಕ್ಕೆಂಬುದಕ್ಕೆ ಸ್ನೋರಿಯ ಪುಟಗಳಲ್ಲಿ ಉತ್ತರವಿಲ್ಲ.