ಅಳುವವರ ಪಕ್ಕದಲ್ಲಿ



ಮಗನನ್ನು ಕಳೆದುಕೊಂಡ ತಾಯಿಯೊಬ್ಬರಿಗೆ ಒಮ್ಮೆ ನಾನು, "ಎಲ್ಲವೂ ದೇವರ ಚಿತ್ತ, ಅಳಬೇಡಿ ಅಮ್ಮಾ" ಎಂದೆ. "ಅಳಬಾರದೇ ಫಾದರ್?" ಎಂದರು. ಗುರುಮಠದಲ್ಲಿ ಕಲಿತದ್ದು ಯಾವುದೂ ನೆರವಿಗೆ ಬರಲಿಲ್ಲ.

ಉತ್ತರ ಶುಭಸಂದೇಶದಲ್ಲಿದೆ. ಲಾಜರನು ಸತ್ತು 4 ದಿನಗಳಾಗಿದ್ದವು. ಅವನನ್ನು ಎಬ್ಬಿಸಲೆಂದೇ ಯೇಸುಸ್ವಾಮಿ ಬೆಥಾನಿಯಕ್ಕೆ ಬಂದಿದ್ದರು. ಆದರೂ ಮರಿಯಳು ಅಳುವುದನ್ನು ಕಂಡು ತಾವೂ ಕಣ್ಣೀರಿಟ್ಟರು (ಯೊವಾನ್ನ 11:35). ಪುನರುತ್ಥಾನವನ್ನು ನಂಬುವವರೂ ಅಳಬಹುದು.

ಯೋಬನ ಗೆಳೆಯರು 7 ದಿನ ಅವನೊಂದಿಗೆ ನೆಲದ ಮೇಲೆ ಮೌನವಾಗಿ ಕುಳಿತಿದ್ದರು. ಅವರು ಎಡವಿದ್ದು, ಬಾಯಿ ತೆರೆದು ಅವನ ಕಷ್ಟಕ್ಕೆ ಕಾರಣ ಹೇಳತೊಡಗಿದಾಗ.

ಸಾವಿನ ಮನೆಯಲ್ಲಿ ನಾವೂ ಕಾರಣ ಹೇಳುವುದು ಬೇಡ. ಪಕ್ಕದಲ್ಲಿ ಕುಳಿತು, ತೀರಿಕೊಂಡವರ ಹೆಸರು ಹಿಡಿದು ಮಾತನಾಡೋಣ. 30ನೆಯ ದಿನದ ಪೂಜೆ ಮುಗಿದು ನೆಂಟರು ಹೊರಟ ಮೇಲೆ ಮನೆ ಬರಿದಾಗುತ್ತದೆ. ಆಗ ಮತ್ತೆ ಹೋಗೋಣ. ಒಂದು ಪಾತ್ರೆ ಸಾರು ಒಯ್ಯೋಣ, ಕೂಡಿ ಜಪಸರ ಮಾಡೋಣ. ತಿಂಗಳುಗಳು ಕಳೆದರೂ ಊಟ, ನಿದ್ರೆ ಸೇರದಿದ್ದರೆ ವೈದ್ಯರ ಬಳಿಗೆ ಜೊತೆಯಲ್ಲಿ ಹೋಗೋಣ. ನವೆಂಬರ್ 2ರಂದು ಅವರೊಂದಿಗೆ ಸಮಾಧಿಗೆ ನಡೆಯೋಣ.

ಆ ತಾಯಿಯ ಮನೆಗೆ ನಾನು ಮತ್ತೆ ಹೋಗಿ ಸುಮ್ಮನೆ ಕುಳಿತೆ. ಅವರು ಮಗನ ಬಾಲ್ಯದ ಮಾತು ತೆಗೆದು ಅತ್ತರು. ಬಳಿಕ ತಾವೇ, "ಪ್ರಾರ್ಥನೆ ಮಾಡೋಣ ಫಾದರ್" ಎಂದರು.

ಚಿಂತನೆಗೆ: ಈ ವಾರ ನಾನು ಯಾರ ಮನೆಗೆ ಹೋಗಬೇಕಾಗಿದೆ?