ಪರವಾನಗಿಯ ಪರೀಕ್ಷಕ ಕಡತ

ಹೈದರಾಬಾದಿನ ಬಾಲಾನಗರದಲ್ಲಿ 1968ರಲ್ಲಿ ಸ್ಥಾಪಿತವಾದ ಕೇಂದ್ರೀಯ ಉಪಕರಣ ವಿನ್ಯಾಸ ಸಂಸ್ಥೆಯು ಅಚ್ಚು, ಡೈಗಳ ವಿನ್ಯಾಸವನ್ನು ಗಣಕಯಂತ್ರದ ಮೂಲಕವೂ ಕಲಿಸುತ್ತದೆ. ಇಂತಹ ವಿನ್ಯಾಸದ ದುಬಾರಿ ತಂತ್ರಾಂಶಗಳು ತೆರೆಯುವ ಮುನ್ನ ಪರವಾನಗಿಯನ್ನು ಕೇಳುತ್ತವೆ. ಈ ಪರೀಕ್ಷೆಯನ್ನು ಸಾಮಾನ್ಯವಾಗಿ ‘ಲೈಬ್ರರಿ’ ಎನಿಸುವ ಸಹಾಯಕ ಕಡತಕ್ಕೆ ಒಪ್ಪಿಸಲಾಗಿರುತ್ತದೆ. ಅದು ಪರವಾನಗಿ ಪತ್ರದಲ್ಲಿನ ಯಂತ್ರದ ಗುರುತನ್ನೂ ಅವಧಿಯನ್ನೂ ನೋಡಿ, ತಯಾರಕರ ಅಂಕೀಯ ಸಹಿಯನ್ನು ಗಣಿತದಿಂದ ತಾಳೆಮಾಡುತ್ತದೆ. ಒಂದಕ್ಷರ ತಿದ್ದಿದರೂ ಸಹಿ ಹೊಂದದು. ಆದುದರಿಂದಲೇ ಕಳ್ಳಪ್ರತಿ ಮಾಡುವವರು ಪತ್ರದ ಗೊಡವೆಗೆ ಹೋಗದೆ ಪರೀಕ್ಷಕನನ್ನೇ ಬದಲಿಸುತ್ತಾರೆ: ಯಾವಾಗಲೂ ‘ಸರಿ’ ಎನ್ನುವ ಕಡತವೊಂದನ್ನು ಅದೇ ಹೆಸರಿನಲ್ಲಿ ಇಡುತ್ತಾರೆ. ಹಣ ಉಳಿಯಿತೆಂದು ಸಣ್ಣ ಕಾರ್ಖಾನೆಯವರು ಹಿಗ್ಗುವುದು ಸಹಜವೇ. ಆದರೆ ಆ ಕಡತವು ಮುಖ್ಯ ತಂತ್ರಾಂಶಕ್ಕಿರುವ ಅಧಿಕಾರದೊಡನೆಯೇ ಓಡುತ್ತದೆ; ಗಿರಾಕಿಯ ನಕ್ಷೆಗಳನ್ನು ಹೊರಗೆ ಕಳುಹಿಸಬಲ್ಲದು, ಅಳಿಸಲೂ ಬಲ್ಲದು. ಕಳ್ಳಪ್ರತಿಯೊಡನೆ, ಮೊದಲು ವೈರಸ್ ನಿರೋಧಕವನ್ನು ನಿಲ್ಲಿಸಿರಿ ಎಂಬ ಸೂಚನೆಯೂ ಎಷ್ಟೋ ಸಲ ಬರುತ್ತದೆ.