ಆಟದ ಯಂತ್ರದ ಕಾಯಕಲ್ಪ

ಜಪಾನಿನ ಸೋನಿ ಸಂಸ್ಥೆಯು 2004ರ ಡಿಸೆಂಬರಿನಲ್ಲಿ ‘ಪ್ಲೇಸ್ಟೇಷನ್ ಪೋರ್ಟಬಲ್’ ಎಂಬ, ಕೈಯಲ್ಲಿ ಹಿಡಿದು ಆಡುವ ಯಂತ್ರವನ್ನು ಹೊರತಂದಿತು. ಗುಂಡಿಯನ್ನೊತ್ತಿದೊಡನೆ ಅದನ್ನು ಎಚ್ಚರಿಸುವುದು ಒಳಗಿನ ಫ್ಲ್ಯಾಶ್ ಸ್ಮೃತಿಯಲ್ಲಿರುವ ಮೂಲ ತಂತ್ರಾಂಶ. ಇದನ್ನು ಕಾಲಕಾಲಕ್ಕೆ ಪರಿಷ್ಕರಿಸಲಾಯಿತು. 2005ರಲ್ಲಿ ಬಂದ 2.00 ಆವೃತ್ತಿಯು ಯಂತ್ರಕ್ಕೆ ಅಂತರಜಾಲವನ್ನು ನೋಡುವ ಶಕ್ತಿಯನ್ನಿತ್ತಿತು.

ಪರಿಷ್ಕರಣವೆಂದರೆ ಹಳೆಯ ಬರಹವನ್ನು ಅಳಿಸಿ ಹೊಸದನ್ನು ಬರೆಯುವುದು. ಹಳೆಯದು ಅಳಿದು ಹೊಸದು ಮುಗಿಯದಿರುವಾಗ ವಿದ್ಯುತ್ತು ನಿಂತರೆ, ಎಚ್ಚರಿಸುವ ಆದೇಶಗಳೇ ಇಲ್ಲವಾಗಿ ಯಂತ್ರವು ಬರಿಯ ಇಟ್ಟಿಗೆಯಂತಾಗಬಹುದು. ತನ್ನನ್ನು ತಾನೇ ಸರಿಪಡಿಸಿಕೊಳ್ಳುವ ಶಕ್ತಿಯೂ ಆಗ ಅದಕ್ಕಿರದು. ಆದುದರಿಂದ ಬ್ಯಾಟರಿಯನ್ನು ಮೊದಲೇ ತುಂಬಿಸಿಕೊಳ್ಳಬೇಕು, ಚಾರ್ಜರನ್ನೂ ಜೋಡಿಸಿರಬೇಕು, ಕೆಲಸ ಮುಗಿಯುವವರೆಗೆ ಯಾವ ಗುಂಡಿಯನ್ನೂ ಒತ್ತಬಾರದು.

ತಂತ್ರಾಂಶವು ಎಲ್ಲಿಂದ ಬಂದಿತೆಂಬುದೂ ಮುಖ್ಯ. ಹಳೆಯ ಆವೃತ್ತಿಗೆ ಮರಳಿಸುವೆನೆಂದು ನಂಬಿಸಿದ ಕಪಟ ತಂತ್ರಾಂಶವೊಂದು 2005ರ ಅಕ್ಟೋಬರಿನಲ್ಲಿ ಕಾಣಿಸಿಕೊಂಡಿತು. ಅದು ಮೂಲ ಕಡತಗಳನ್ನೇ ಅಳಿಸಿ ಯಂತ್ರವನ್ನು ನಿರುಪಯುಕ್ತಗೊಳಿಸುತ್ತಿತ್ತು. ತಯಾರಕರು ನೀಡಿದುದನ್ನು ಮಾತ್ರ ಬಳಸುವುದು ವಿವೇಕ. ಕೆಲವು ನಿಮಿಷಗಳ ತಾಳ್ಮೆ ಯಂತ್ರವನ್ನು ಉಳಿಸುತ್ತದೆ. ಅವಸರವು ಅದನ್ನು ಕಳೆಯುತ್ತದೆ.

ಅಭ್ಯಾಸ
1. ಪರಿಷ್ಕರಣದ ನಡುವೆ ವಿದ್ಯುತ್ತು ನಿಂತರೆ ಆಗುವ ಹಾನಿಯೇನು? ಕಾರಣವನ್ನು ವಿವರಿಸಿರಿ.
2. ತಂತ್ರಾಂಶದ ಮೂಲವನ್ನು ಏಕೆ ಪರೀಕ್ಷಿಸಬೇಕು?